ಮೆಟ್ಟಿಲ ಮೇಲೆ ಉಳಿದ ಒಂದು ಜೊತೆ ಚಪ್ಪಲಿ

ಬೆಳಕು ಇನ್ನೂ ಸರಿಯಾಗಿ ಹರಿದಿಲ್ಲ. ನಗರದ ಸಾರ್ವಜನಿಕ ಕ್ರೀಡಾ ಕೇಂದ್ರದ ಈಜುಕೊಳದ ಅಂಚಿನಲ್ಲಿ ಐವತ್ತು ದಾಟಿದ ಹೆಂಗಸೊಬ್ಬರು ಕುಕ್ಕರಗಾಲಲ್ಲಿ ಕೂತು ನೀರನ್ನೇ ದಿಟ್ಟಿಸುತ್ತಿದ್ದಾರೆ. ಮೊಣಕೈವರೆಗೆ ಕೈ ಅದ್ದಿ, ಬೆರಳು ಬಿಡಿಸಿ, ಎಷ್ಟು ಕಾಣುತ್ತದೆ ಎಂದು ನೋಡುತ್ತಾರೆ. ಬೆರಳೇನೋ ಕಾಣುತ್ತವೆ, ಅದರಾಚೆ ಬರೀ ಹಸಿರು ಮಬ್ಬು. ನಿನ್ನೆ ಸಂಜೆ ನೀರು ಸೋಸುವ ಯಂತ್ರ ಕೈಕೊಟ್ಟಿದೆ. ತಳದ ಬಿಳಿ ಟೈಲ್ಸ್ ಇವತ್ತು ಕಣ್ಣಿಗೆ ಬೀಳುತ್ತಿಲ್ಲ. ಅವರು ಕೈ ಹಿಂದಕ್ಕೆಳೆದುಕೊಂಡು ಸೀರೆಯ ಸೆರಗಿಗೆ ಒರೆಸಿಕೊಳ್ಳುತ್ತಾರೆ, ಒರೆಸಿದ್ದನ್ನೇ ಮತ್ತೆ ಒರೆಸುತ್ತಾರೆ.

ಇಲ್ಲಿ ಎಲ್ಲರೂ ಇವರನ್ನು ಕರೆಯುವುದು ಪೀಪಿ ಅಕ್ಕ ಎಂದೇ. ಕೊರಳಲ್ಲಿ ದಾರಕ್ಕೆ ಕಟ್ಟಿದ ಕಪ್ಪು ಪೀಪಿಯೊಂದು ಸದಾ ತೂಗುತ್ತಿರುತ್ತದೆ. ವಯಸ್ಸಿನಲ್ಲಿ ಅವರಿಗಿಂತ ದೊಡ್ಡವರೂ ಅಕ್ಕ ಎನ್ನುತ್ತಾರೆ. ಕೊಳದ ಕಾವಲು ಅವರ ಕೆಲಸ. ಕಾಯುವವರಿಗೇ ನೀರು ಕಂಡರೆ ಭಯವೇ ಎಂದು ಮೂಗು ಮುರಿಯಬೇಡಿ, ಪೇಪರಿಗೆ ಬರೆಯಲು ಬಂದ ನಮ್ಮೆದುರೂ ಅವರು ಅದನ್ನು ಮುಚ್ಚಿಡುವವರೇ ಅಲ್ಲ. "ದಿನಾ ಬೆಳಗ್ಗೆ ಇಲ್ಲಿ ಕೂತಾಗ ಎದ್ದು ಮನೆಗೆ ಹೋಗ್ಬಿಡೋಣ ಅನ್ಸುತ್ತೆ. ಮೂವತ್ತು ವರ್ಷದ ಮೇಲಾಯ್ತು, ಒಂದಿನಾನೂ ತಪ್ಪಿಲ್ಲ. ಈಜೋಕೆ ಬರುತ್ತೆ, ಮುಳುಗಿ ತಳ ಮುಟ್ಟಿ ಬರ್ತೀನಿ. ಆದ್ರೂ ಹೆದರಿಕೆ ಹೆದರಿಕೇನೇ."

ಪಕ್ಕದ ಪಂಪ್‌ಹೌಸಿನಲ್ಲಿ ಎಣ್ಣೆ ಕೈ ಮಾಡಿಕೊಂಡು ಯಂತ್ರದ ಜೊತೆ ಗುದ್ದಾಡುತ್ತಿರುವವರು ಅವರ ಗಂಡ. ಹೆಂಡತಿಯ ಮಾತು ಕಿವಿಗೆ ಬಿದ್ದು, ಅಲ್ಲಿಂದಲೇ ತಮ್ಮದೂ ಒಂದು ಸೇರಿಸುತ್ತಾರೆ. "ಮನೇಲೂ ಹಂಗೇ. ನಾನು ಸ್ವಲ್ಪ ಹೊತ್ತು ಸದ್ದಿಲ್ದೆ ಮಲಗಿದ್ರೆ ಸಾಕು, ಮೂಗಿನ ಹತ್ರ ಬೆರಳಿಟ್ಟು ನೋಡ್ತಾಳೆ. ಅದಕ್ಕೇ ನಾನು ಗೊರಕೆ ಅಭ್ಯಾಸ ಮಾಡ್ಕೊಂಡಿದ್ದು." ಅಕ್ಕ ನಗುವುದಿಲ್ಲ. ಅವರ ಕಣ್ಣು ಮಬ್ಬು ನೀರಿನ ಮೇಲೆಯೇ ಇದೆ.

ಮೊದಲ ಬ್ಯಾಚಿನವರು ಒಬ್ಬೊಬ್ಬರಾಗಿ ಬರತೊಡಗುತ್ತಾರೆ. ಇಲ್ಲೊಂದು ಕಟ್ಟುನಿಟ್ಟಿನ ಕ್ರಮವಿದೆ. ಕೊಳಕ್ಕೆ ಹೋಗಲು ಬರಲು ಇರುವುದು ಒಂದೇ ಬಾಗಿಲು, ಬಾಗಿಲ ಮುಂದೆ ಮೂರು ಕಲ್ಲಿನ ಮೆಟ್ಟಿಲು. ಯಾರೇ ಆಗಲಿ, ಚಪ್ಪಲಿಯನ್ನು ಆ ಮೆಟ್ಟಿಲ ಮೇಲೆಯೇ ಬಿಡಬೇಕು. ಚೀಲದಲ್ಲಿಟ್ಟು ಒಳಗೆ ಒಯ್ಯುವಂತಿಲ್ಲ, ಪಕ್ಕದ ಗಿಡದ ಬುಡದಲ್ಲಿ ಬಿಡುವಂತಿಲ್ಲ. ಬ್ಯಾಚು ಮುಗಿದು ಎಲ್ಲರೂ ಹೊರಟ ಮೇಲೆ ಮೆಟ್ಟಿಲು ಬೋಳಾಗಿರಬೇಕು. ಬೋಳಾದರೆ ಮಾತ್ರ ಮುಂದಿನ ಬ್ಯಾಚು. ಒಂದು ಜೊತೆ ಉಳಿದರೂ ಅಕ್ಕ ಪೀಪಿ ಊದುತ್ತಾರೆ, ಆ ಚಪ್ಪಲಿಯ ಒಡೆಯ ಕಣ್ಣೆದುರು ಬಂದು ನಿಲ್ಲುವವರೆಗೆ ಯಾರೂ ನೀರಿಗಿಳಿಯುವಂತಿಲ್ಲ. ಒಂದು ಬ್ಯಾಚಿಗೆ ಐವತ್ತು ಅರವತ್ತು ಜನ, ದಿನಕ್ಕೆ ಆರೇಳು ಬ್ಯಾಚು. ಎಣಿಸುವ ತಾಪತ್ರಯವೇ ಇಲ್ಲ, ಖಾಲಿಯಾಯಿತೇ ಎಂದು ನೋಡಿದರೆ ಮುಗಿಯಿತು ಎನ್ನುತ್ತಾರೆ ಅಕ್ಕ.

ಈ ಕ್ರಮ ಎಲ್ಲಿಂದ ಬಂತೆಂದು ತಿಳಿಯಬೇಕಾದರೆ ಜಾಗದ ಕಥೆ ತಿಳಿಯಬೇಕು. ಇದು ಮೊದಲು ಕಲ್ಲಿನ ಗಣಿ. ನಗರದ ನ್ಯಾಯಾಲಯ, ಸೇತುವೆ, ಹಳೆಯ ಶಾಲೆ ಎಲ್ಲದರ ಕಲ್ಲೂ ಇದೇ ಗುಂಡಿಯಿಂದ ಎದ್ದು ಹೋದದ್ದು. ಕಲ್ಲು ಮುಗಿದು ಕೆಲಸಗಾರರು ಗಂಟುಮೂಟೆ ಕಟ್ಟಿದ ಮೇಲೆ ಗುಂಡಿಯಲ್ಲಿ ನೀರು ನಿಂತಿತು. ಬೇಸಿಗೆ ಬಂತೆಂದರೆ ಜನ ಧುಮುಕುವುದು, ಪ್ರತಿ ಬೇಸಿಗೆಗೂ ಒಂದೋ ಎರಡೋ ಜೀವ ಹೋಗುವುದು. ನಗರಸಭೆಯವರು ಬೇಲಿ ಹಾಕಿದರು, ಜನ ಬೇಲಿ ಹಾರಿದರು. ಕೊನೆಗೆ, ಹೇಗೂ ಇಳಿಯುತ್ತಾರೆ, ನೆಟ್ಟಗೆ ಒಂದು ಕೊಳವನ್ನೇ ಕಟ್ಟೋಣ ಎಂದು ಅರ್ಧ ಗುಂಡಿ ಮುಚ್ಚಿ, ಉಳಿದರ್ಧಕ್ಕೆ ಗೋಡೆ ಎಬ್ಬಿಸಿದರು. ಆಳದ ಕಡೆ ಇವತ್ತಿಗೂ ಗಣಿಯ ಆಳವೇ.

ಆಮೇಲೆ ಒಂದೊಂದೇ ಸೇರಿಕೊಂಡವು. ಕುಸ್ತಿಯ ತಗಡಿನ ಶೆಡ್ಡು ಕೆಡವಿ ಬ್ಯಾಡ್ಮಿಂಟನ್ ಹಾಲ್ ಆಯಿತು. ಟೇಬಲ್ ಟೆನಿಸ್ ಕೋಣೆ ಬಂತು, ನಿವೃತ್ತರು ಪೇಪರು ಓದುತ್ತಾ ಜಗಳವಾಡಲು ಒಂದು ಜಗಲಿ ಬಂತು. ಹೊಳೆ ಉಕ್ಕಿ ಊರಿನ ತಗ್ಗಿನ ಮನೆಗಳು ಮುಳುಗಿದ ವರ್ಷ ಆ ಬ್ಯಾಡ್ಮಿಂಟನ್ ಹಾಲಿನಲ್ಲೇ ನೂರಾರು ಸಂಸಾರ ತಿಂಗಳುಗಟ್ಟಲೆ ಇದ್ದವು, ಅಂಕಣದ ಬಿಳಿ ಗೆರೆಗಳೇ ಮನೆ ಮನೆಗೆ ಗಡಿ. ರೋಗ ಹಬ್ಬಿದ ವರ್ಷ ಅಲ್ಲೇ ಸಾಲಾಗಿ ಮಂಚ ಹಾಕಿದರು. ಈಗ ಮುಂಭಾಗದಲ್ಲಿ ಗಾಜಿನ ಗೋಡೆಯ ಜಿಮ್ ಇದೆ. ಯಾವುದನ್ನು ಯಾರು ಉದ್ಘಾಟಿಸಿದರು ಎಂಬುದನ್ನೆಲ್ಲ ಗೇಟಿನ ಪಕ್ಕದ ಕಲ್ಲಿನ ಫಲಕದಲ್ಲಿ ಕೆತ್ತಿದ್ದಾರೆ. ಚಪ್ಪಲಿಯ ಕ್ರಮಕ್ಕೆ ಕಾರಣನಾದ ಯುವಕನ ಹೆಸರು ಮಾತ್ರ ಅದರಲ್ಲಿಲ್ಲ.

ಕೊಳದ ಮೊದಲ ಕಾವಲುಗಾರ ಅಕ್ಕನ ಅಪ್ಪ. ಪಂಪ್‌ಹೌಸಿನ ಬೆನ್ನಿಗೆ ಒಂದು ಕೋಣೆ, ಒಂದು ಅಡುಗೆಮನೆ, ಅದೇ ಸಂಸಾರ. ಆಗ ಅಕ್ಕ ಇನ್ನೂ ಶಾಲೆಗೆ ಹೋಗುವ ವಯಸ್ಸಿನವರು. ಒಂದು ಸಂಜೆ ಕೊನೆಯ ಬ್ಯಾಚು ಮುಗಿದು ಬೀಗ ಹಾಕುವ ಹೊತ್ತಿಗೆ ಮೆಟ್ಟಿಲ ಮೇಲೆ ಒಂದು ಜೊತೆ ಹೊಸ ಚಪ್ಪಲಿ ಉಳಿದಿತ್ತು. ಯಾರೋ ಮರೆತು ಹೋಗಿರಬೇಕು, ನಾಳೆ ಹುಡುಕಿಕೊಂಡು ಬರುತ್ತಾನೆ ಎಂದುಕೊಂಡ ಅಪ್ಪ, ಅದನ್ನೆತ್ತಿ ಬೆಂಚಿನ ಕೆಳಗೆ ಜೋಪಾನವಾಗಿಟ್ಟು ಮನೆಗೆ ಬಂದು ಊಟ ಮಾಡಿದರು. ಬೆಳಗ್ಗೆ ಮೊದಲ ಬ್ಯಾಚಿನವರು ಕಿರುಚಿದಾಗಲೇ ಗೊತ್ತಾದದ್ದು. ದರ್ಜಿ ಅಂಗಡಿಯಲ್ಲಿ ಕಾಜಾ ಹಾಕುತ್ತಿದ್ದ ಯುವಕ ಆಳದ ಕಡೆ ತಳದಲ್ಲಿದ್ದ.

"ಅಪ್ಪ ಆ ಚಪ್ಪಲೀನ ಒರೆಸಿ ಇಟ್ಟಿದ್ರು," ಎನ್ನುತ್ತಾರೆ ಅಕ್ಕ. "ಹೊಸಾದು, ಪಾಪ, ನಾಯಿ ಕಚ್ಕೊಂಡು ಹೋದೀತು ಅಂತ. ಒಳ್ಳೇದು ಮಾಡೋಕೆ ಹೋಗಿದ್ದು ಅವರು."

ಯಾರೂ ಅಪ್ಪನನ್ನು ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು ಎಂದು ಅಕ್ಕನಿಗೆ ಈಗಲೂ ಅನಿಸುತ್ತದೆ. ಮರುದಿನದಿಂದಲೇ ಅಪ್ಪ ಮೆಟ್ಟಿಲಿನ ಕ್ರಮ ತಂದರು. ಮನೆಗೆ ನೆಂಟರು ಬಂದರೆ ಬಾಗಿಲಲ್ಲಿ ಬಿಟ್ಟ ಚಪ್ಪಲಿ ತೋರಿಸಿ ಇದು ಯಾರದು, ಅದು ಯಾರದು ಎಂದು ಕೇಳಿ ಕೇಳಿ, ಅವರೆಲ್ಲರ ಮುಖ ಕಾಣುವವರೆಗೆ ಕೂರುತ್ತಿರಲಿಲ್ಲ. ನೆಂಟರು ಕಡಿಮೆಯಾದರು ಎಂದು ಬೇರೆ ಹೇಳಬೇಕಿಲ್ಲ. ಮಗಳನ್ನು ತಾವೇ ನೀರಿಗಿಳಿಸಿ ಮುಳುಗುವುದನ್ನು ಕಲಿಸಿದರು, ಕಲಿಸುವಾಗ ಒಮ್ಮೆಯೂ ಆಕೆಯ ಕೈ ಬಿಡಲಿಲ್ಲವಂತೆ. ಅವರು ತೀರಿಕೊಂಡ ಮೇಲೆ ಕೆಲಸವೂ ಪೀಪಿಯೂ ಮಗಳ ಕೊರಳಿಗೆ ಬಂದವು.

ಮೂವತ್ತು ವರ್ಷದಲ್ಲಿ ಅಕ್ಕ ಎಷ್ಟೋ ಸಲ ಪೀಪಿ ಊದಿದ್ದಾರೆ. ಒಂದು ಸಲವೂ ನೀರಿನಲ್ಲಿ ಯಾರೂ ಸಿಕ್ಕಿಲ್ಲ. ಸ್ನಾನದ ಕೋಣೆಯಲ್ಲಿ ಹಾಡಿಕೊಳ್ಳುತ್ತಾ ಮೈಮರೆತವರು, ಬ್ಯಾಡ್ಮಿಂಟನ್ ನೋಡುತ್ತಾ ಬರಿಗಾಲಲ್ಲಿ ನಿಂತವರು, ಹೆಂಡತಿಯ ಫೋನು ಬಂತೆಂದು ಚಪ್ಪಲಿ ಬಿಟ್ಟೇ ಓಡಿದವರು, ಇಂಥವರೇ. ಜನ ಗೊಣಗುತ್ತಾರೆ. ಕಟ್ಟಿದ ಹಣಕ್ಕೆ ಅರ್ಧ ಹೊತ್ತು ಅಂಚಿನಲ್ಲಿ ನಡುಗುತ್ತಾ ನಿಲ್ಲುವುದೇ ಆಯಿತು ಎನ್ನುತ್ತಾರೆ. ಅಷ್ಟೇ ಆಗಿದ್ದರೆ ಅಕ್ಕ ಕಿವಿಗೆ ಹಾಕಿಕೊಳ್ಳುತ್ತಿರಲಿಲ್ಲ. ಆದರೆ ಹೋದ ತಿಂಗಳು ಪೀಪಿ ಊದಿದ ಗಡಿಬಿಡಿಗೆ ನಿವೃತ್ತ ಮೇಷ್ಟ್ರೊಬ್ಬರು ಒದ್ದೆ ನೆಲದಲ್ಲಿ ಜಾರಿ ಬಿದ್ದು ಕೈ ಮುರಿದುಕೊಂಡರು. ಅವತ್ತೂ ಸುಳ್ಳು ಗಾಬರಿಯೇ.

ಮೇಷ್ಟ್ರು ಈಗಲೂ ದಿನಾ ಬರುತ್ತಾರೆ. ಪ್ಲಾಸ್ಟರು ಹಾಕಿದ ಕೈಯನ್ನು ತೊಡೆಯ ಮೇಲಿಟ್ಟುಕೊಂಡು ಕೊಳದ ಅಂಚಿನ ಕುರ್ಚಿಯಲ್ಲಿ ಕೂರುತ್ತಾರೆ. ಅಕ್ಕನ ಮೇಲೆ ಸಿಟ್ಟೇ ಎಂದರೆ, ಹೌದು ಸಿಟ್ಟೇ ಎನ್ನುತ್ತಾರೆ. "ನನ್ನ ಕೈ ಮುರಿದಿದ್ದು ಈಕೆ ಪೀಪೀನೇ. ಹಂಗಂತ ಪೀಪಿ ಇಲ್ಲದ ಕಡೆ ನೀರಿಗಿಳೀತೀನಾ? ಇಲ್ಲಪ್ಪ."

ಹೊಸ ಮ್ಯಾನೇಜರು ಕೆಟ್ಟವರಲ್ಲ. ವಯಸ್ಸು ಚಿಕ್ಕದು, ಕೇಂದ್ರವನ್ನು ಚೆಂದ ಮಾಡಬೇಕೆಂಬ ಹುಮ್ಮಸ್ಸಿದೆ. ಮೇಷ್ಟ್ರು ಬಿದ್ದ ದಿನ ಅಕ್ಕನನ್ನು ಕೂರಿಸಿಕೊಂಡು ತಿಳಿಹೇಳಿದರು. ಬಾಗಿಲಿಗೆ ಕಾರ್ಡಿನ ಯಂತ್ರ ಬರುತ್ತದೆ, ಚಪ್ಪಲಿಗೆ ಒಳಗೇ ಗೂಡು ಬರುತ್ತದೆ, ಅಲ್ಲಿಯವರೆಗೆ ಇನ್ನೊಂದು ಸಲ ಹೀಗೆ ಸುಳ್ಳು ಗಾಬರಿ ಎಬ್ಬಿಸಿದರೆ ನಿಮ್ಮನ್ನು ಟೇಬಲ್ ಟೆನಿಸ್ ಕೋಣೆಗೆ ಹಾಕದೆ ಬೇರೆ ದಾರಿಯಿಲ್ಲ ಎಂದರು. ಅಂದಿನಿಂದ ಬ್ಯಾಚು ಮುಗಿಯುವ ಹೊತ್ತಿಗೆಲ್ಲ ಅಕ್ಕನಿಗೆ ಎರಡೆರಡು ಹೆದರಿಕೆ. ಇವತ್ತು ನೀರು ಮಬ್ಬಾಗಿದೆ, ತೆರೆಯುವುದು ಬೇಡ ಎಂದು ಬೆಳಗ್ಗೆಯೇ ಅಕ್ಕ ಮ್ಯಾನೇಜರನ್ನು ಫೋನಿನಲ್ಲಿ ಕೇಳಿಕೊಂಡಿದ್ದರು. ನಾಡಿದ್ದು ಕೇಂದ್ರದ ವಾರ್ಷಿಕೋತ್ಸವದ ಈಜು ಸ್ಪರ್ಧೆ, ಅಭ್ಯಾಸ ತಪ್ಪಿಸುವಂತಿಲ್ಲ, ಔಷಧಿ ಹಾಕಿದ್ದೇವೆ, ಮಧ್ಯಾಹ್ನದೊಳಗೆ ತಿಳಿಯಾಗುತ್ತದೆ ಎಂಬ ಉತ್ತರ ಬಂತು.

ಮೊದಲ ಬ್ಯಾಚು ಮುಗಿಯುತ್ತದೆ. ಒದ್ದೆ ತಲೆಯವರು ಮಾತಾಡುತ್ತಾ, ಬಾಗಿ ಚಪ್ಪಲಿ ಮೆಟ್ಟಿಕೊಂಡು ಹೊರಡುತ್ತಾರೆ. ಅಕ್ಕ ಬಾಗಿಲ ಪಕ್ಕ ಮೈಯೆಲ್ಲ ಕಣ್ಣಾಗಿ ನಿಂತಿದ್ದಾರೆ. ಮೇಲಿನ ಮೆಟ್ಟಿಲು ಖಾಲಿ. ಕೆಳಗಿನದೂ ಖಾಲಿ. ನಡುವಿನ ಮೆಟ್ಟಿಲ ಮೂಲೆಯಲ್ಲಿ ಒಂದು ಜೊತೆ ಉಳಿಯುತ್ತದೆ. ಗಂಡಸರದ್ದು, ಕಂದು ಬಣ್ಣ, ಹಿಮ್ಮಡಿ ಒಂದು ಪಕ್ಕಕ್ಕೆ ಸವೆದಿದೆ.

ಅಕ್ಕ ಸ್ನಾನದ ಕೋಣೆಗಳ ಬಾಗಿಲು ಬಡಿಯುತ್ತಾರೆ. ಒಳಗೆ ಯಾರೂ ಇಲ್ಲ. ಬ್ಯಾಡ್ಮಿಂಟನ್ ಹಾಲಿಗೆ ಓಡಿ, ಜಿಮ್ಮಿಗೆ ಓಡಿ, ಪೇಪರಿನ ಜಗಲಿಯಲ್ಲಿ ಒಬ್ಬೊಬ್ಬರ ಕಾಲನ್ನೂ ನೋಡಿ ಬರುತ್ತಾರೆ. ಎಲ್ಲರ ಕಾಲಲ್ಲೂ ಅವರವರದ್ದಿದೆ. ವಾಪಸು ಬರುವಾಗ, ಯಾರಾದರೂ ಬಂದು ಮೆಟ್ಟಿಕೊಂಡು ಹೋಗಿರಲಿ ದೇವರೇ ಎಂದು ಬೇಡಿಕೊಂಡೇ ಬರುತ್ತಾರೆ. ಚಪ್ಪಲಿ ಅಲ್ಲೇ ಇದೆ. ಎರಡನೇ ಬ್ಯಾಚಿನವರು ಟವೆಲು ಹೊದ್ದು ಸಾಲು ನಿಂತಿದ್ದಾರೆ. ಅಕ್ಕ ಪೀಪಿಯನ್ನು ತುಟಿಗೆ ಒಯ್ಯುವಾಗ ಅದು ಹಲ್ಲಿಗೆ ಬಡಿದು ಟಕಟಕ ಸದ್ದಾಗುತ್ತದೆ. ಟೇಬಲ್ ಟೆನಿಸ್ ಕೋಣೆ ಕಣ್ಮುಂದೆ ಬಂತಂತೆ. ಬಂದರೂ ಊದುತ್ತಾರೆ.

ಮುಂದಿನದು ಎಲ್ಲರಿಗೂ ಗೊತ್ತಿರುವ ಕ್ರಮವೇ. ಸಾಲಿನಲ್ಲಿದ್ದ ಗಂಡಸರೂ ಹೆಂಗಸರೂ ಗೊಣಗುತ್ತಲೇ ಕೈ ಕೈ ಹಿಡಿದು, ಆಳವಿಲ್ಲದ ಕಡೆಯಿಂದ ಅಡ್ಡಸಾಲಾಗಿ, ಪಾದದಿಂದ ತಳ ಸವರುತ್ತಾ ನಡೆಯುತ್ತಾರೆ. ತಿಳಿನೀರಿನಲ್ಲಾದರೆ ನಗುತ್ತಾ ಮಾಡುವ ಕೆಲಸ ಇದು. ಇವತ್ತು ಸೊಂಟದ ಕೆಳಗೆ ತಮ್ಮ ಕಾಲೇ ತಮಗೆ ಕಾಣುತ್ತಿಲ್ಲ. ನಾಲ್ಕು ಹೆಜ್ಜೆಯಲ್ಲಿ ಗೊಣಗಾಟ ನಿಲ್ಲುತ್ತದೆ. ಮೆತ್ತಗೆ ಏನಾದರೂ ತಾಕೀತೆಂಬ ಭಯಕ್ಕೆ ಪ್ರತಿಯೊಬ್ಬರೂ ಬೆರಳು ಮಡಚಿಕೊಂಡೇ ಪಾದ ಇಡುತ್ತಾರೆ. ನಡುವೆ ಒಬ್ಬಾಕೆ ಚೀರಿ ಪಕ್ಕದವನ ತೋಳು ಗಟ್ಟಿಯಾಗಿ ಹಿಡಿಯುತ್ತಾಳೆ. ಅವಳ ಕಾಲಿಗೆ ತಾಕಿದ್ದು ಅವನದೇ ಪಾದ. ಯಾರೂ ನಗುವುದಿಲ್ಲ.

ಆಳದ ಕಡೆ ಅಕ್ಕನ ಪಾಲು. ಸೀರೆ ಬಿಚ್ಚಿಟ್ಟು ಈಜಿನ ಉಡುಪಿನಲ್ಲಿ ಬಂದು, ಸೊಂಟಕ್ಕೆ ಹಗ್ಗ ಬಿಗಿಸಿಕೊಂಡು, ತುದಿಯನ್ನು ಗಂಡನ ಕೈಗೆ ಕೊಟ್ಟು ಮುಳುಗುತ್ತಾರೆ. ಕೆಳಗೆ ಕಣ್ಣು ಬಿಟ್ಟರೂ ಒಂದೇ, ಮುಚ್ಚಿದರೂ ಒಂದೇ. ಕಿವಿ ಬಿಗಿಯುತ್ತದೆ. ಎರಡೂ ಕೈ ಚಾಚಿ ಟೈಲ್ಸ್ ಸವರುತ್ತಾ ಹೋಗಬೇಕು, ಮುಂದಿನ ಅಂಗೈ ಅಗಲದಲ್ಲಿ ಏನಿದೆಯೋ ಗೊತ್ತಿಲ್ಲ. ಮೇಲೆ ಬರುತ್ತಾರೆ, ಉಸಿರು ತುಂಬಿಕೊಳ್ಳುತ್ತಾರೆ, ಮತ್ತೆ ಹೋಗುತ್ತಾರೆ. ಹಗ್ಗ ಹಿಡಿದ ಗಂಡನ ತಮಾಷೆಯೆಲ್ಲ ಎಲ್ಲಿ ಹೋಯಿತೋ, ಪ್ರತಿ ಸಲ ಆಕೆಯ ತಲೆ ಕಾಣುವವರೆಗೆ ಅವರೂ ಉಸಿರು ಬಿಗಿಹಿಡಿದಿರುತ್ತಾರೆ. "ಸಿಗಲಿ ಅಂತ ಹುಡುಕ್ಬೇಕು, ಸಿಗದೇ ಇರಲಿ ಅಂತ ಬೇಡ್ಕೋಬೇಕು," ಎಂದು ಅಕ್ಕ ಆಮೇಲೆ ಹೇಳುತ್ತಾರೆ. "ಎರಡೂ ಒಂದೇ ಉಸಿರಲ್ಲಿ."

ಕೊನೆಗೆ ತುಟಿ ನೀಲಿಗಟ್ಟಿ, ಗಂಡನೇ ಹಗ್ಗ ಎಳೆದು ಮೇಲೆ ಹತ್ತಿಸುತ್ತಾರೆ. ಸಿಕ್ಕಿಲ್ಲ. ಆದರೆ ಮೂಲೆ ಮೂಲೆಯನ್ನೂ ಮುಟ್ಟಿದ್ದೇನೆ ಎಂದು ಎದೆ ಮುಟ್ಟಿ ಹೇಳಲು ಅಕ್ಕನಿಗಾಗುವುದಿಲ್ಲ. ಕಚೇರಿಯಲ್ಲಿ ಗುಮಾಸ್ತೆ ಪಾಸು ಮಾಡಿಸಿದವರಿಗೆಲ್ಲ ಫೋನು ಹಚ್ಚುತ್ತಿದ್ದಾಳೆ. ಎಲ್ಲರೂ ಕೆಲಸಕ್ಕೆ ಹೋಗುವ ಹೊತ್ತು, ಅರ್ಧಕ್ಕರ್ಧ ಜನ ಎತ್ತುತ್ತಿಲ್ಲ.

ಅಷ್ಟರಲ್ಲಿ ಮ್ಯಾನೇಜರು ಬರುತ್ತಾರೆ. ಮುಖ ಗಂಟಿಕ್ಕಿದೆ. ಇಷ್ಟು ಜನ ಕಾಲಲ್ಲಿ ಸವರಿದ್ದಾಗಿದೆ, ನೀವೂ ಮುಳುಗಿ ನೋಡಿದ್ದಾಗಿದೆ, ಯಾರೋ ಮರೆತು ಹೋಗಿರ್ತಾರೆ ಬಿಡಿ ಅಕ್ಕ, ಬಾಗಿಲು ತೆಗೀರಿ ಎನ್ನುತ್ತಾರೆ.

"ನಮ್ಮಪ್ಪನೂ ಇದೇ ಮಾತು ಹೇಳಿದ್ರು ಸರ್." ಅಕ್ಕ ಒದ್ದೆ ಮೈಯಲ್ಲೇ ಹೊಸಿಲಿಗೆ ಅಡ್ಡ ಕೂತುಬಿಡುತ್ತಾರೆ. ನೀರು ಇಳಿಸಿ ನೋಡೋಣ ಎನ್ನುತ್ತಾರೆ. ಇಳಿಸಿದರೆ ತುಂಬಲು ಮೂರು ದಿನ, ಸ್ಪರ್ಧೆಯ ಕಥೆ ಮುಗಿಯಿತು. ಮ್ಯಾನೇಜರು ತಲೆ ಚಚ್ಚಿಕೊಳ್ಳುವುದೊಂದು ಬಾಕಿ. ಇದು ಆಗುವ ಮಾತೇ, ಮೇಲಿನವರಿಗೆ ಏನು ಹೇಳಲಿ ಎಂದು ಪೇಚಾಡುತ್ತಾರೆ. ಅಕ್ಕ ಜಪ್ಪಯ್ಯ ಅಂದರೂ ಏಳುವುದಿಲ್ಲ. ವಾದಿಸುವುದೂ ಇಲ್ಲ. "ಆಯ್ತು ಸರ್. ನೀವೇ ಇವ್ರಿಗೆಲ್ಲ ಇಳೀರಿ ಅಂತ ಹೇಳಿ. ನಿಮ್ಮ ಬಾಯಲ್ಲಿ ಹೇಳಿ, ನಾನು ಏಳ್ತೀನಿ."

ಮ್ಯಾನೇಜರು ಸಾಲಿನತ್ತ ತಿರುಗುತ್ತಾರೆ. ಬಾಯಿ ತೆರೆಯುತ್ತಾರೆ. ನಡುವಿನ ಮೆಟ್ಟಿಲ ಮೇಲಿನ ಸವೆದ ಹಿಮ್ಮಡಿಯನ್ನೊಮ್ಮೆ ನೋಡುತ್ತಾರೆ, ಹಸಿರು ನೀರನ್ನೊಮ್ಮೆ ನೋಡುತ್ತಾರೆ. ಕೈ ಮುರಿದ ಮೇಷ್ಟ್ರು ಕುರ್ಚಿಯಿಂದ ಎದ್ದು ನಿಂತಿದ್ದಾರೆ. ಎಲ್ಲರೂ ಮ್ಯಾನೇಜರ ಬಾಯನ್ನೇ ನೋಡುತ್ತಿದ್ದಾರೆ. ಹೊರಡಬೇಕಾದ್ದು ಒಂದೇ ಮಾತು, ಅದು ಹೊರಡುವುದಿಲ್ಲ. ಅವರು ಪಂಪ್‌ಹೌಸಿನ ಕಡೆ ಕೈ ಮಾಡಿ, ಇಳಿಸಿ ಎಂದು ಸನ್ನೆ ಮಾಡುತ್ತಾರೆ.

ನೀರು ಇಳಿಯತೊಡಗುತ್ತದೆ. ಕೆಲಸವಿದ್ದವರು ಹೋಗಬಹುದು, ಯಾರೂ ಹೋಗುವುದಿಲ್ಲ. ಹೋಗಲು ಮನಸ್ಸಿಲ್ಲ, ನೋಡಲು ಧೈರ್ಯವಿಲ್ಲ. ಗೋಡೆಯ ಮೇಲೆ ಒದ್ದೆ ಗೆರೆ ಕೆಳಗೆ ಕೆಳಗೆ ಸರಿಯುತ್ತದೆ, ಎಲ್ಲಿಂದಲೋ ಗಟಗಟ ಕುಡಿಯುವ ಸದ್ದು ಬರುತ್ತಲೇ ಇದೆ. ಬಿಸಿಲು ನೆತ್ತಿಗೇರುವ ಹೊತ್ತಿಗೆ ಆಳವಿಲ್ಲದ ಕಡೆಯ ನೆಲ ಬಯಲಾಗುತ್ತದೆ, ಅಲ್ಲಿ ಏನೂ ಇಲ್ಲ. ಆಳದ ಮೂಲೆಯಲ್ಲಿ ಮಾತ್ರ ನೀರಿನಡಿ ಕಪ್ಪಗೆ ಉದ್ದಕ್ಕೆ ಏನೋ ಮಲಗಿದೆ. ಮೊದಲು ಕಂಡವನು ಕೈ ಎತ್ತಿ ತೋರಿಸುತ್ತಾನೆ. ಮ್ಯಾನೇಜರ ಮುಖದಲ್ಲಿ ರಕ್ತವೇ ಇಲ್ಲ. ಅಕ್ಕ ಕಣ್ಣು ಮುಚ್ಚಿಕೊಂಡಿದ್ದಾರೆ. ತಾನು ಮುಳುಗಿದಾಗ ಅಲ್ಲಿಗೆ ಕೈ ಹೋಗಲಿಲ್ಲವಲ್ಲ, ಹೋಗಲಿಲ್ಲವಲ್ಲ ಎಂದು ತುಟಿ ಅಲ್ಲಾಡುತ್ತಿದೆ.

"ಅಕ್ಕ, ಇಲ್ಲೊಂದು ಜೊತೆ ಚಪ್ಪಲಿ ಬಿಟ್ಟೋಗಿದ್ದೆ..."

ಬೆನ್ನ ಹಿಂದೆ, ಬಾಗಿಲಲ್ಲಿ, ಬಸ್ಸಿನ ಕಂಡಕ್ಟರೊಬ್ಬರು ನಿಂತಿದ್ದಾರೆ. ಸಮವಸ್ತ್ರ, ಹೆಗಲಲ್ಲಿ ಚೀಲ, ಕಾಲಲ್ಲಿ ಕಪ್ಪು ಶೂ. ಡ್ಯೂಟಿಯ ಶೂ ಚೀಲದಲ್ಲೇ ಇತ್ತು, ಹೊತ್ತಾಯಿತೆಂದು ಜನರ ನಡುವೆಯೇ ಬಾಗಿಲಲ್ಲಿ ಅದನ್ನು ಹಾಕಿಕೊಂಡು ಓಡಿದ್ದೆ, ಫೋನು ಬಂದದ್ದೂ ಗೊತ್ತಾಗಲಿಲ್ಲ, ಊಟದ ಬಿಡುವಿನಲ್ಲಿ ನೆನಪಾಯಿತು ಎನ್ನುತ್ತಾರೆ. ಹೇಳುತ್ತಾ ಹೇಳುತ್ತಾ ಖಾಲಿಯಾಗುತ್ತಿರುವ ಕೊಳವನ್ನೂ, ತನ್ನನ್ನೇ ನೋಡುತ್ತಿರುವ ಅಷ್ಟೂ ಮುಖಗಳನ್ನೂ ಕಂಡು ಒಂದು ಹೆಜ್ಜೆ ಹಿಂದೆ ಸರಿಯುತ್ತಾರೆ. ಅಕ್ಕ ಹೋಗಿ ಅವರ ಎರಡೂ ಮುಂಗೈ ಹಿಡಿದುಕೊಳ್ಳುತ್ತಾರೆ. ಬೈಯುತ್ತಾರೆ ಎಂದುಕೊಂಡರೆ, ಮುಂಗೈಯನ್ನು ಒತ್ತಿ ಒತ್ತಿ ನೋಡುತ್ತಾರೆ. "ಬೆಚ್ಚಗಿದೀಯಪ್ಪ," ಎನ್ನುತ್ತಾರೆ, ಅಲ್ಲೇ ಕುಸಿದು ಕೂತು ಗೋಳೋ ಎಂದು ಅಳುತ್ತಾರೆ.

ಮೂಲೆಯಲ್ಲಿ ಕಪ್ಪಗೆ ಮಲಗಿದ್ದು ಒಂದು ದೊಡ್ಡ ಟವೆಲು. ಯಾವಾಗ ಬಿದ್ದಿತ್ತೋ ಏನೋ. ಎಲ್ಲರೂ ಒಮ್ಮೆಲೇ ಮಾತಾಡತೊಡಗುತ್ತಾರೆ, ಕೆಲವರು ನಗುತ್ತಾರೆ, ಒಬ್ಬಿಬ್ಬರು ಇಡೀ ದಿನ ಹಾಳಾಯಿತೆಂದು ದೂರು ಕೊಡಲು ಕಚೇರಿಯತ್ತ ನಡೆಯುತ್ತಾರೆ. ಸ್ಪರ್ಧೆ ಮುಂದಕ್ಕೆ ಹೋಗುತ್ತದೆ. ಮೇಲಿನವರ ಫೋನು ಬಂದು ಮುಗಿದ ಮೇಲೆ ಮ್ಯಾನೇಜರು ಅಕ್ಕನ ಹತ್ತಿರ ಬಂದು, ದನಿ ತಗ್ಗಿಸಿ, ಸೋಮವಾರದಿಂದ ಟೇಬಲ್ ಟೆನಿಸ್ ಕೋಣೆ ಎನ್ನುತ್ತಾರೆ. ನನ್ನ ಕೈಯಲ್ಲಿಲ್ಲ ಅಕ್ಕ ಎಂದೂ ಸೇರಿಸುತ್ತಾರೆ. ಹೇಳುವಾಗಲೂ ಅವರ ಕಣ್ಣು ಆಳದ ಮೂಲೆಯ ಕಡೆಗೇ ಹೋಗುತ್ತಿದೆ.

ಅಕ್ಕ ತಲೆಯಾಡಿಸುತ್ತಾರೆ. ಬೇಸರವೇ ಎಂದು ಕೇಳಿದರೆ, ಇರದೆ ಏನು, ಹುಟ್ಟಿ ಬೆಳೆದ ಜಾಗ ಎನ್ನುತ್ತಾರೆ. ಸೀರೆಯುಟ್ಟು, ಒದ್ದೆ ಕೂದಲು ಕೊಡವುತ್ತಾ ಬರಿದಾದ ಕೊಳವನ್ನು ನೋಡುತ್ತಾ ನಿಲ್ಲುತ್ತಾರೆ. ಇವತ್ತೂ ಸುಳ್ಳೇ ಆಯಿತಲ್ಲ ಎಂದರೆ ಮುಖ ಅರಳುತ್ತದೆ.

"ಸುಳ್ಳಾಗ್ಲಿ ಅಂತಾನೇ ಅಲ್ವಾ ಇಷ್ಟೆಲ್ಲ? ದಿನಾ ಸುಳ್ಳಾಗ್ಲಿ. ಪೇಪರಲ್ಲಿ ಬರೀತೀರಲ್ಲ, ಒಂದು ಮಾತು ಬರೀರಿ. ನನ್ನ ಜಾಗಕ್ಕೆ ಯಾರನ್ನ ಬೇಕಾದ್ರೂ ಹಾಕ್ಲಿ, ನಂದೇನೂ ಇಲ್ಲ. ಗಟ್ಟಿ ಎದೆಯೋರನ್ನ ಮಾತ್ರ ಹಾಕೋದು ಬೇಡ. ಹೆದರೋರನ್ನ ಹಾಕ್ಲಿ."